ಅರ್ಧ ಮಾತಿನ ಕಡತ

ಕಳ್ಳನಿಗೆ ಸನ್ಮಾನ, ಮಧ್ಯಾಹ್ನ ಮೂರು ಗಂಟೆಗೆ. ಆಹ್ವಾನಪತ್ರದಲ್ಲಿ ಹಾಗೆ ಅಚ್ಚಾಗಿರಲಿಲ್ಲ. ‘ಪಲಾಬ್ರಾದ ಜನಕ ಡಾರ್ವಿನ್ ಪೀರಿಸ್ ಅವರಿಗೆ ಗೌರವಾರ್ಪಣೆ, ಎಲ್ಲರಿಗೂ ಸ್ವಾಗತ’ ಎಂದಿತ್ತು. ಆದರೆ ಎಂಟು ದಿನದಿಂದ ಫ್ರಿಜ್ಜಿನ ಬಾಗಿಲಿಗೆ ಅಂಟಿಕೊಂಡಿದ್ದ ಆ ಕಾಗದವನ್ನು ಹಾಲು ತೆಗೆಯುವಾಗ, ಬೆಣ್ಣೆ ಇಡುವಾಗ ಓದಿ ಓದಿ, ಕೊನೆಗೆ ಸುಲ್ಮಾಳಿಗೆ ಅಚ್ಚಾದದ್ದು ಕಾಣದೆ ತನ್ನ ವಾಕ್ಯವೇ ಕಾಣತೊಡಗಿತ್ತು. ಜನಕನಂತೆ, ಜನಕ! ಹೆತ್ತವಳು ಇಲ್ಲಿ ಅಡುಗೆಮನೆಯಲ್ಲಿ ಕೆಟಲ್ ಎದುರು ನಿಂತಿದ್ದಾಳೆ, ಐವತ್ತೆಂಟು ವರ್ಷ, ಎಡ ಮಂಡಿಯಲ್ಲಿ ನೋವು, ಅಕ್ಕನ ಹಳೆಯ ಸ್ವೆಟರು. ಮೊಂಟೆವಿಡಿಯೊದ ಅರ್ಧ ಕಂಪ್ಯೂಟರುಗಳ ಹೊಟ್ಟೆಯಲ್ಲಿ ಅವಳು ಬರೆದದ್ದು ಓಡುತ್ತಿದೆ, ಎದುರು ಮನೆಯವನಿಗೆ ಮಾತ್ರ ಅವಳ ಹೆಸರೂ ಸರಿಯಾಗಿ ಗೊತ್ತಿಲ್ಲ, ‘ದರ್ಜಿ ಎಲಿಡಾಳ ತಂಗಿ’ ಎನ್ನುತ್ತಾನೆ. ಇದನ್ನೇ ಯೋಚಿಸುತ್ತ ನಿಂತದ್ದರಲ್ಲಿ ನೀರು ಕುದಿದುಬಿಟ್ಟಿತು.

“ಕುದಿಸಿಬಿಟ್ಯಾ? ಸೊಪ್ಪು ಸುಟ್ಟು ವಿಷ ಆಗಿದೆ ಕಣೇ,” ಎಂದಳು ಎಲಿಡಾ, ಮಾಟೆ ಸೊಪ್ಪಿನ ಕಷಾಯದ ಬುರುಡೆಯಿಂದ ಒಂದು ಗುಟುಕು ಎಳೆದು ಮುಖ ಕಿವುಚುತ್ತ. ಅವಳು ಹೊಲಿಗೆ ಯಂತ್ರದ ಮುಂದೆ ಕೂತು ತಂಗಿಯ ನೀಲಿ ಬ್ಲೌಸಿಗೆ ಗುಂಡಿ ಹಾಕುತ್ತಿದ್ದಳು.

“ವಿಷ ಆದ್ರೆ ಕುಡೀಬೇಡ ಬಿಡು ಅಕ್ಕ.”

“ಬೆಳಗ್ಗೆ ಬೆಳಗ್ಗೆನೇ ಶುರು ಆಯ್ತಾ? ಆ ಪೀರಿಸ್ ಹೆಸರು ಕೇಳಿದ್ರೆ ಸಾಕು, ನಿನ್ನ ಮುಖ ಹರಳೆಣ್ಣೆ ಕುಡಿದಂಗಾಗುತ್ತೆ. ಹೋಗ್ಬೇಡ ಅಂದ್ರೆ ಹೋಗೇ ಹೋಗ್ತೀನಿ ಅಂತೀಯ. ಹೋಗೋಳು ನಗ್‌ನಗ್ತಾ ಹೋಗಬಾರ್ದಾ?”

“ನಗ್ತೀನಿ ಅಕ್ಕ. ಇವತ್ತು ಹೊಟ್ಟೆ ತುಂಬ ನಗ್ತೀನಿ.”

ಎಲಿಡಾ ಸೂಜಿ ನಿಲ್ಲಿಸಿ ಕನ್ನಡಕದ ಮೇಲಿನಿಂದ ತಂಗಿಯನ್ನು ನೋಡಿದಳು. “ಅಯ್ಯೋ ದೇವರೆ. ಏನ್ ಮಾಡ್ತಿದೀಯ ನೀನು?” ಎಂದಳು. ಸುಲ್ಮಾ ಏನೂ ಇಲ್ಲ ಎಂದು ತನ್ನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು.

ಪಲಾಬ್ರಾ ಎಂದರೆ ಮಾತು, ಶಬ್ದ. ಅದೊಂದು ಸಣ್ಣ ಕಡತ. ಕಪ್ಪು ಪರದೆಯ ಮೇಲೆ ಒಂದು ಪ್ರೋಗ್ರಾಮಿನ ಹೆಸರು ಟೈಪು ಮಾಡಿ, ಮುಂದೆ ಎರಡು ಅಡ್ಡಗೆರೆ ಹಾಕಿ, ಹೀಗೆ ಮಾಡು ಹಾಗೆ ಮಾಡಬೇಡ ಎಂದು ಒಂದೊಂದು ಆಯ್ಕೆಯ ಪದ ಬರೆಯುತ್ತಾರಲ್ಲ, ಆ ಪದಗಳನ್ನು ಓದಿ ಅರ್ಥ ಮಾಡಿಕೊಳ್ಳುವ ಚಾಕರಿ ಅದರದು. ಪ್ರತಿಯೊಂದು ಪ್ರೋಗ್ರಾಮೂ ಈ ಚಾಕರಿಯನ್ನು ತಾನೇ ಮಾಡುವುದಿಲ್ಲ. ಯಂತ್ರದಲ್ಲಿ ಒಂದೇ ಕಡೆ ಇರುವ ಈ ಹಂಚಿಕೆಯ ಕಡತದ ಹತ್ತಿರ ಎಲ್ಲವೂ ಬರುತ್ತವೆ, ಬೀದಿಯವರೆಲ್ಲ ಒಂದೇ ನಲ್ಲಿಗೆ ಬರುವ ಹಾಗೆ. ಅದನ್ನು ಒಬ್ಬರು ಒಂದು ಕಡೆ ತಿದ್ದಿದರೆ ಎಲ್ಲರಿಗೂ ತಿದ್ದಿದಂತೆಯೇ. ಆ ತಿದ್ದುವ ಬೀಗದ ಕೈ ಇಪ್ಪತ್ತೆಂಟು ವರ್ಷದಿಂದ ಸುಲ್ಮಾಳ ಹತ್ತಿರವೇ ಇದೆ, ಏಕೆಂದರೆ ಡಾರ್ವಿನ್‌ಗೆ ತಿದ್ದುವುದಕ್ಕೆ ಬರುವುದಿಲ್ಲ. ಅವನಿಗೆ ಬರುವುದು ಮಾತಾಡುವುದಕ್ಕೆ. ಪಲಾಬ್ರಾ ಜನಕ್ಕೆ ಹಿಡಿಸಿದ್ದು ಅದು ಅರ್ಧ ಮಾತನ್ನೂ ತಿಳಿದುಕೊಳ್ಳುತ್ತದೆ ಎಂಬ ಕಾರಣಕ್ಕೆ. ‘ಅವಿಸಾರ್’ ಎಂದರೆ ತಿಳಿಸು. ಪೂರ್ತಿ ಬರೆಯಲು ಬೇಜಾರಾಗಿ ‘ಅವಿ’ ಎಂದಷ್ಟೇ ಬರೆದರೂ ಅದಕ್ಕೆ ಗೊತ್ತಾಗುತ್ತದೆ. ಆ ಕಾಲದಲ್ಲಿ ಅವರಿಬ್ಬರೂ ಕೆಲಸಕ್ಕಿದ್ದ ಇಲಾಖೆಯ ನೆಲಮಾಳಿಗೆಯಲ್ಲಿ ಇಬ್ಬರೇ ಇದ್ದಾಗ ಡಾರ್ವಿನ್ ಇದನ್ನು ನೋಡಿ, “ಇದೇನ್ ಫ್ಲಾಕಾ, ಅಡುಗೆಮನೆ ಭಾಷೆ! ಕಂಪ್ಯೂಟರ್‌ಗೆ ಯಾರಾದ್ರೂ ಹಿಂಗೆ ಮಾತಾಡ್ತಾರಾ?” ಎಂದು ಬಿದ್ದು ಬಿದ್ದು ನಕ್ಕಿದ್ದ. ಫ್ಲಾಕಾ ಅಂದರೆ ಸಣಕಲಿ. ಅವಳು ಆಗ ಸಣಕಲಾಗಿದ್ದಳು, ನಿದ್ದೆ ಇರಲಿಲ್ಲ, ಮನೆಯಲ್ಲಿ ಅಮ್ಮ ಮಲಗಿಬಿಟ್ಟಿದ್ದಳು.

ಅಮ್ಮನಿಗೆ ಲಕ್ವ ಹೊಡೆದು ಬಲಗೈ ಬಿದ್ದುಹೋಗಿ, ನಾಲಿಗೆ ಅರ್ಧದಲ್ಲೇ ನಿಂತುಬಿಡುತ್ತಿತ್ತು. ‘ಅಗುವಾ’ ಎನ್ನಲಾರದೆ ‘ಅಗು’ ಎನ್ನುವಳು, ಸುಲ್ಮಾ ನೀರು ಕೊಡುವಳು. ‘ಲೂ’ ಎಂದರೆ ದೀಪ. ‘ಎಲಿ’ ಎಂದರೆ ಅಕ್ಕನನ್ನು ಕರಿ. ಎಲಿಡಾಗೆ ಅರ್ಥವಾಗುತ್ತಿರಲಿಲ್ಲ, ಡಾಕ್ಟರಿಗೆ ಅರ್ಥವಾಗುತ್ತಿರಲಿಲ್ಲ, ಸುಲ್ಮಾಗೆ ಆಗುತ್ತಿತ್ತು, ಅದೊಂದು ಹೆಮ್ಮೆಯೂ ಆಗಿತ್ತು ಅವಳಿಗೆ, ಈಗ ನೆನೆದರೆ ಮೈ ಹಿಡಿಯಾಗುತ್ತದೆ. ಹಗಲು ಇಲಾಖೆಗೆ ಬಂದು ಅದೇ ಲೆಕ್ಕವನ್ನು ಕಡತದಲ್ಲಿ ಬರೆದಳು: ಕೇಳಿದ ಅಕ್ಷರಗಳಿಗೆ ಹೊಂದುವ ಪದ ಒಂದೇ ಇದ್ದರೆ ಅದೇ ಎಂದುಕೋ. ಜೂನ್ ತಿಂಗಳ ಚಳಿಗಾಲದ ಒಂದು ಮಧ್ಯಾಹ್ನ ಅಮ್ಮ ‘ಅಬ್ರಿ’ ಎಂದಳು. ಹೊರಗೆ ಚಳಿ. ಅಬ್ರಿಗೋ, ಹೊದಿಕೆ, ಎಂದು ಸುಲ್ಮಾ ಇನ್ನೊಂದು ಕಂಬಳಿ ತಂದು ಹೊದಿಸಿದಳು. ‘ಅಬ್ರಿ, ಅಬ್ರಿ’ ಎಂದಳು ಅಮ್ಮ. ಸುಲ್ಮಾ ಕಂಬಳಿಯನ್ನು ಕತ್ತಿನವರೆಗೆ ಎಳೆದು ಅಂಚನ್ನು ಹಾಸಿಗೆಯ ಕೆಳಗೆ ಸಿಕ್ಕಿಸಿದಳು. ಅಮ್ಮನ ಕಣ್ಣು ಕಿಟಕಿಯ ಕಡೆ ಇತ್ತು. ಅಬ್ರಿರ್ ಅಂದರೆ ತೆರೆ. ಉಸಿರು ಕಟ್ಟುತ್ತಿದೆ, ಕಿಟಕಿ ತೆರೆ ಎಂದಿದ್ದಳು. ಅದು ಹೊಳೆದದ್ದು ಎಲ್ಲ ಮುಗಿದು ಮೂರನೆಯ ದಿನ, ಹಾಸಿಗೆಯ ಬಟ್ಟೆ ಒಗೆಯುವಾಗ. ನಾಲ್ಕನೆಯ ದಿನ ಇಲಾಖೆಗೆ ಹೋಗಿ ಕಡತದಲ್ಲಿ ಇನ್ನೊಂದು ನಿಯಮ ಸೇರಿಸಿದಳು: ಎರಡು ಪದ ಹೊಂದಿದರೆ ಊಹಿಸಬೇಡ, ನಿಂತು ಕೇಳು. ಆ ಸಂಜೆ ಡಾರ್ವಿನ್ ಮಾಟೆ ಬಗ್ಗಿಸಿಕೊಡುತ್ತ ಯಾಕೆ ಅಳ್ತಿದೀಯ ಎಂದು ಕೇಳಿದ. ಹೇಳಿದಳು. ಅಕ್ಕನಿಗೂ ಹೇಳದೆ ಇದ್ದದ್ದನ್ನು ಅವನಿಗೆ ಹೇಳಿದಳು.

ಅದನ್ನೇ ಅವನು ಹೋದ ತಿಂಗಳು ಕ್ಯಾಮೆರಾ ಎದುರು ಹೇಳಿದ. ಸಂದರ್ಶನದ ವಿಡಿಯೊ. ಬೂದು ಗಡ್ಡ, ತಿಳಿಗುಲಾಬಿ ಅಂಗಿ, ಪಕ್ಕದಲ್ಲಿ ಥರ್ಮಾಸು. ‘ನನ್ನ ತಾಯಿಗೆ ಲಕ್ವ ಹೊಡೆದಿತ್ತು,’ ಎಂದ. ‘ಆಕೆ ಅಬ್ರಿ ಅಂದ್ರು, ನಾನು ಕಂಬಳಿ ಹೊದಿಸಿದೆ,’ ಎಂದು ಅಲ್ಲಿ ತಲೆ ತಗ್ಗಿಸಿ ಕೂತ ಬೇರೆ, ಕಳ್ಳ ನನ್ನ ಮಗ! ಅವನ ತಾಯಿ ದುರಾಸ್ನೊದಲ್ಲಿ ಗುಂಡುಕಲ್ಲಿನ ಹಾಗೆ ಇದ್ದಾಳೆ, ಎಂಬತ್ತಾರು ವರ್ಷಕ್ಕೂ ಇಸ್ಪೀಟಾಡಿ ನೆರೆಯವರನ್ನೆಲ್ಲ ಬೈಯುತ್ತಾಳೆ. ಸುಲ್ಮಾ ಆ ವಿಡಿಯೊವನ್ನು ಏಳು ಸಲ ನೋಡಿದಳು. ಕಡತ ಕದ್ದದ್ದನ್ನು ನುಂಗಿಕೊಂಡಿದ್ದಳು. ಅವಳು ಅಮ್ಮನ ತಿಂಗಳ ಪ್ರಾರ್ಥನೆಗೆ ಎಂದು ರಜೆಯಲ್ಲಿದ್ದಾಗ ಅವನು ಅದನ್ನು ಜೇಬಿಗೆ ಹಾಕಿಕೊಂಡು ಪೋರ್ತೊ ಅಲೆಗ್ರೆಯ ಸಮ್ಮೇಳನಕ್ಕೆ ಹೋಗಿ, ಪತ್ರಿಕೆಯಲ್ಲಿ ಫೋಟೊ ಹಾಕಿಸಿಕೊಂಡು ಬಂದಿದ್ದ. ಕರ್ತೃಗಳ ಪಟ್ಟಿಯಲ್ಲಿ ಬರೆದಿದ್ದ: ‘ಡಾರ್ವಿನ್ ಪೀರಿಸ್. ಟೈಪಿಂಗಿಗಾಗಿ ಸುಲ್ಮಾಗೆ ಗ್ರಾಸಿಯಾಸ್.’ ಗ್ರಾಸಿಯಾಸ್ ಎಂದರೆ ಧನ್ಯವಾದ, ಆದರೆ ಮಾಟೆ ಕುಡಿಯುವ ಊರಿನಲ್ಲಿ ಆ ಮಾತಿಗೆ ಇನ್ನೊಂದು ಅರ್ಥವಿದೆ. ಬುರುಡೆ ವಾಪಸು ಕೊಡುವಾಗ ಸುಮ್ಮನೆ ಕೊಟ್ಟರೆ ಇನ್ನೂ ಬೇಕು ಅಂತ. ಗ್ರಾಸಿಯಾಸ್ ಅಂದರೆ ಸಾಕು, ಮುಂದಿನ ಸರದಿಯಲ್ಲಿ ಬೇಡ ಅಂತ. ಆ ಸಾಲನ್ನು ಅವಳು ಯಾವತ್ತು ಬೇಕಾದರೂ ಅಳಿಸಬಹುದಿತ್ತು, ಬೀಗದ ಕೈ ಅವಳ ಹತ್ತಿರವೇ ಇತ್ತು, ಅರ್ಧ ನಿಮಿಷದ ಕೆಲಸ. ಅಳಿಸಲಿಲ್ಲ. ಅವನೇ ತಿದ್ದಲಿ ಎಂದು ಕಾದಳು. ಇಪ್ಪತ್ತೆಂಟು ವರ್ಷ ಕಾದಳು, ದಡ್ಡಿ. ಆದರೆ ಕಂಬಳಿ? ಆ ಕಂಬಳಿ ಅವಳು ಹೊದಿಸಿದ್ದು. ಆ ಪಾಪ ಅವಳದು. ಅದನ್ನೂ ಎತ್ತಿಕೊಂಡು ಹೋಗಿ, ಅದಕ್ಕೂ ಚಪ್ಪಾಳೆ ತಟ್ಟಿಸಿಕೊಂಡನಲ್ಲ.

ಕಂಪ್ಯೂಟರು ಹಚ್ಚಿದಳು. ಪಲಾಬ್ರಾಕ್ಕೆ ಬಂದ ಪತ್ರಗಳು ಹನ್ನೆರಡಿದ್ದವು. ಎಲ್ಲವೂ ‘ಪ್ರಿಯ ಡಾರ್ವಿನ್’, ಉತ್ತರ ಬರೆಯುವವಳು ಅವಳು. ಒಂದು ಮಾತ್ರ ‘ದೋನ್ಯಾ ಸುಲ್ಮಾ’ ಎಂದು, ಹಿರಿಯ ಹೆಂಗಸಿಗೆ ಕೊಡುವ ಮರ್ಯಾದೆಯಲ್ಲಿ, ಶುರುವಾಗಿತ್ತು. ಅದು ಉತ್ತರದ ಸಾಲ್ತೊ ಪಟ್ಟಣದ ನಿಬಿಯಾಳದು. ನದಿ ದಂಡೆಯ ನೆರೆಹೊರೆಯವರು ಸೇರಿ ಮಾಡಿಕೊಂಡ ಪ್ರವಾಹ ಕಾವಲಿನ ಸಮಿತಿಯಲ್ಲಿ ಆ ಹುಡುಗಿ ಕೆಲಸಕ್ಕಿದ್ದಳು. ಹೋದ ವರ್ಷ ‘ಉತ್ತರ ಇಷ್ಟು ಚೆನ್ನಾಗಿ ಬರೆಯೋರು ಯಾರು, ಹೆಸರು ಹೇಳಿ’ ಎಂದು ಕೇಳಿದವಳು ಅವಳೊಬ್ಬಳೇ. ಆ ಪ್ರಶ್ನೆಗೆ ಸುಲ್ಮಾ ಹೆಸರಿನ ಜೊತೆ ಫೋನ್ ನಂಬರನ್ನೂ ಕೊಟ್ಟುಬಿಟ್ಟಿದ್ದಳು. ಈ ದಿನ ಬರೆದಿದ್ದಳು: ‘ದೋನ್ಯಾ ಸುಲ್ಮಾ, ನದಿ ರಾತ್ರಿಯಿಂದ ಏರ್ತಾ ಇದೆ. ದಂಡೆಯ ಮನೆಗಳ ಫೋನುಗಳಿಗೆ ಗಂಟೆಗೊಂದು ಸಂದೇಶ ತಾನಾಗೇ ಹೋಗ್ತಿದೆ, ನಿಮ್ಮ ದಯೆ. ನಾನೊಬ್ಳೇ ಇದೀನಿ, ಬಾಕಿಯವರು ದೋಣಿ ತರೋಕೆ ಹೋಗಿದಾರೆ. ಸುಮ್ನೆ ಯಾರ ಹತ್ರಾನಾದ್ರೂ ಮಾತಾಡ್ಬೇಕು ಅನ್ನಿಸ್ತು. ನಿಮ್ಮ ಮಂಡಿ ಹೇಗಿದೆ?’ ಸುಲ್ಮಾಗೆ ನಗು ಬಂತು. ಒಳ್ಳೆಯ ಹುಡುಗಿ. ನಾಳೆ ಬರೆದರಾಯಿತು. ಈ ದಿನ ಅವಳ ಕೈಗೆ ಬೇರೆ ಕೆಲಸವಿತ್ತು.

ಡಾರ್ವಿನ್ ಎಲ್ಲಿ ಭಾಷಣ ಮಾಡಿದರೂ ಕೊನೆಗೆ ಒಂದೇ ಆಟ ತೋರಿಸುತ್ತಿದ್ದ. ಬಾಗಿಲಲ್ಲೇ ಎಲ್ಲರ ಫೋನ್ ನಂಬರು ಬರೆಸಿಕೊಂಡಿರುತ್ತಾರೆ. ಅವನು ವೇದಿಕೆಯ ಯಂತ್ರದಲ್ಲಿ ಸಂದೇಶ ಕಳಿಸುವ ಪ್ರೋಗ್ರಾಮಿನ ಹೆಸರು ಬರೆದು, ಎರಡು ಅಡ್ಡಗೆರೆ ಹಾಕಿ, ‘ಅವಿ’ ಎಂದು ಅರ್ಧ ಬರೆದು ಕೈ ಮೇಲೆತ್ತುತ್ತಾನೆ. ಸಭೆಯ ಫೋನುಗಳೆಲ್ಲ ಒಟ್ಟಿಗೆ ಟಿಣ್ ಎನ್ನುತ್ತವೆ. ಆ ಆಟವೂ ಅವನದಲ್ಲ. ಪಲಾಬ್ರಾದ ಕೈಪಿಡಿಯಲ್ಲಿ ಸುಲ್ಮಾ ಕೊಟ್ಟ ಒಂದೇ ಒಂದು ಉದಾಹರಣೆ ಅದು. ಸ್ವಂತದ್ದು ಎಂದು ಒಂದು ಪದ ಹುಡುಕುವ ಯೋಗ್ಯತೆಯೂ ಇಲ್ಲದವನು! ಅದಕ್ಕೇ ಅವಳ ಸೇಡಿಗೆ ಜಾಗ ಸಿಕ್ಕಿತ್ತು. ಎಲ್ಲ ಅರ್ಧ ಮಾತುಗಳನ್ನೂ ತಡೆಯುವಷ್ಟು ರಾಕ್ಷಸಿ ಅವಳಲ್ಲ, ಲೋಕದ ಕೆಲಸ ನಿಲ್ಲಿಸುವುದು ಅವಳಿಗೆ ಬೇಕಾಗಿರಲಿಲ್ಲ. ‘ಅವಿ’ ಒಂದೇ ಒಂದು. ಅದನ್ನು ಕೇಳಿದಾಗ ಪಲಾಬ್ರಾ ಮುಂದೆ ಹೋಗಬಾರದು, ನಿಂತು ಪರದೆಯ ಮೇಲೆ ಒಂದು ವಾಕ್ಯ ತೋರಿಸಬೇಕು. ಎಂಟು ದಿನದಿಂದ ವಾಕ್ಯವನ್ನು ಬಾಯಲ್ಲಿ ಹೊರಳಿಸಿದ್ದಳು. ಮೊದಲು ಉದ್ದವಾಗಿತ್ತು, ಬೈಗುಳವಿತ್ತು, ತಾರೀಖುಗಳಿದ್ದವು. ಕಡೆಗೆ ಉಳಿದದ್ದು ಇಷ್ಟು: ‘ಈ ಅರ್ಧ ಮಾತು ನನ್ನಮ್ಮನದು. ಕದ್ದವರು ಪೂರ್ತಿ ಹೇಳಬೇಕು.’ ಬರೆದಳು. ಪರೀಕ್ಷಿಸಿದಳು. ಯಂತ್ರಗಳು ದಿನವೂ ಮಧ್ಯಾಹ್ನ ಹನ್ನೆರಡಕ್ಕೆ ಹೊಸದು ಬಂದಿದೆಯೇ ಎಂದು ತಾವೇ ನೋಡಿ ಇಳಿಸಿಕೊಳ್ಳುತ್ತವೆ, ಈಗ ಹತ್ತೂಕಾಲು. ಕಳಿಸು ಎಂಬ ಗುಂಡಿಯ ಮೇಲೆ ಬೆರಳಿಟ್ಟಳು. ಒತ್ತಿದಳು. ಆಮೇಲೆ ಎದ್ದು ಹೋಗಿ ಅಕ್ಕನ ಕೈಯಿಂದ ಬ್ಲೌಸು ತೆಗೆದುಕೊಂಡಳು.

ಬಸ್ಸಿನಲ್ಲಿ ಕಿಟಕಿಯ ಪಕ್ಕ ಜಾಗ ಸಿಕ್ಕಿತು. ಡ್ರೈವರನ ರೇಡಿಯೊ ಉತ್ತರದಲ್ಲಿ ಮಳೆ ಎನ್ನುತ್ತಿತ್ತು. ಸುಲ್ಮಾ ಅವನ ಮುಖವನ್ನು ಕಲ್ಪಿಸಿಕೊಳ್ಳುತ್ತಿದ್ದಳು. ಮೊದಲು ಹುಬ್ಬು ಮೇಲೆ ಹೋಗುತ್ತದೆ. ನಗು ಬಾಯಲ್ಲಿ ಹಾಗೇ ನಿಲ್ಲುತ್ತದೆ. ಹಿಂದಕ್ಕೆ ತಿರುಗಿ ದೊಡ್ಡ ಪರದೆ ನೋಡುತ್ತಾನೆ, ಸಭೆಯೂ ಓದುತ್ತಿದೆ ಎಂದು ತಿಳಿಯುತ್ತದೆ, ಕಿವಿ ಕೆಂಪಾಗುತ್ತದೆ. ಅವನ ಕಿವಿ ಕೆಂಪಾಗುವುದನ್ನು ಅವಳು ಒಂದೇ ಸಲ ನೋಡಿದ್ದಳು. ಸಮ್ಮೇಳನದಿಂದ ಬಂದ ಮರುದಿನ ಅವನು ಮಾಟೆ ಬಗ್ಗಿಸಿ ಮೊದಲ ಬುರುಡೆ ಅವಳಿಗೇ ಕೊಟ್ಟಿದ್ದ. ಅವಳು ಕುಡಿದು ವಾಪಸು ಕೊಡುತ್ತ ‘ಗ್ರಾಸಿಯಾಸ್’ ಎಂದಿದ್ದಳು. “ಏನು, ಒಂದಕ್ಕೇ ಸಾಕಾ?” ಎಂದಿದ್ದ. ಸಾಕು ಎಂದಿದ್ದಳು. ಅಷ್ಟೇ ಅವಳು ಮಾಡಿದ ಜಗಳ. ಅದಾದ ಮೇಲೂ ಅವನು ಕೇಳಿದ್ದನ್ನೆಲ್ಲ ಮಾಡಿಕೊಟ್ಟಳು, ತಪ್ಪುಗಳನ್ನು ತಿದ್ದಿದಳು, ಅವನ ಹೆಸರಿಗೆ ಬಂದ ಪತ್ರಗಳಿಗೆ ಉತ್ತರಿಸಿದಳು, ಹೊಸ ವರ್ಷಕ್ಕೆ ಅವನು ಕಳಿಸುವ ಸಿಹಿ ರೊಟ್ಟಿಯನ್ನು ತಿಂದಳು. ನಾಚಿಕೆಗೆಟ್ಟವಳು ಎಂದು ತನ್ನನ್ನೇ ಬೈದುಕೊಂಡಳು. ಎದುರಿನ ಸೀಟಿನ ಮುದುಕ ತನಗೇ ಹೇಳಿದಳೇನೋ ಎಂದು ತಿರುಗಿ ನೋಡಿದ.

ಸಭಾಂಗಣದ ಬಾಗಿಲಲ್ಲೇ ಡಾರ್ವಿನ್ ನಿಂತಿದ್ದ. ಅವಳನ್ನು ನೋಡಿ ಎರಡೂ ಕೈ ಚಾಚಿದ.

“ಫ್ಲಾಕಾ! ಬಂದ್ಯಾ! ನೀನು ಬರದೇ ಇದ್ದಿದ್ರೆ ನಾನು ಬಾಯೇ ಬಿಡ್ತಿರ್ಲಿಲ್ಲ ನೋಡು.” ಕೆನ್ನೆಗೆ ಮುತ್ತು ಕೊಟ್ಟ. ಅತ್ತರಿನ ಘಾಟು. ಪಕ್ಕದಲ್ಲಿದ್ದ ಅಧಿಕಾರಿಣಿಯೊಬ್ಬಳ ಕಡೆ ತಿರುಗಿ, “ಇವಳು ನಮ್ಮ ಸುಲ್ಮಾ. ನೆಲಮಾಳಿಗೆ ಕಾಲದವಳು. ಇವಳ ಬೆರಳು ನೋಡ್ಬೇಕಿತ್ತು ಆಗ! ನಾನು ಬಾಯಲ್ಲಿ ಹೇಳಿ ಮುಗಿಸೋ ಅಷ್ಟ್ರಲ್ಲಿ ಇವಳದ್ದು ಟೈಪ್ ಆಗಿಬಿಟ್ಟಿರ್ತಿತ್ತು,” ಎಂದ.

“ಓ, ಟೈಪಿಸ್ಟಾ?” ಎಂದಳು ಅಧಿಕಾರಿಣಿ ಪ್ರೀತಿಯಿಂದ.

“ಬೆರಳು ಈಗ್ಲೂ ಓಡುತ್ತೆ,” ಎಂದಳು ಸುಲ್ಮಾ. “ಬೆಳಗ್ಗೆ ತಾನೇ ಓಡಿಸ್ದೆ.”

“ನೋಡಿದ್ರಾ, ನಾಲಿಗೇನೂ ಹಾಗೇ!” ಎಂದು ಡಾರ್ವಿನ್ ಅವಳ ಬೆನ್ನು ತಟ್ಟಿದ. ತಟ್ಟು, ತಟ್ಟು, ಇನ್ನೊಂದು ಗಂಟೆ ತಟ್ಟು ಎಂದುಕೊಳ್ಳುತ್ತ ಅವಳು ತನ್ನ ನಂಬರು ಬರೆಸಿ ಮೂರನೆಯ ಸಾಲಿನಲ್ಲಿ ಹೋಗಿ ಕೂತಳು. ಸಭೆಯ ಮರ್ಯಾದೆಗೆ ಫೋನಿನ ಸದ್ದು ನಿಲ್ಲಿಸಿ ಚೀಲದೊಳಗೆ ಹಾಕಿದಳು.

ಅವನು ಮಾತು ಶುರುಮಾಡಿದ. ಅವನ ಮಾತಿಗೆ ಎಲ್ಲರೂ ನಗುತ್ತಿದ್ದರು, ಅದು ಅವನಿಗೆ ಹುಟ್ಟಿನಿಂದ ಬಂದದ್ದು, ಅವಳಿಗೂ ಎರಡು ಸಲ ನಗು ಬಂದುಬಿಟ್ಟು ತುಟಿ ಕಚ್ಚಿಕೊಂಡಳು. ನೆಲಮಾಳಿಗೆಯ ಕಥೆ ಹೇಳಿದ, ಒಂದೇ ಕೀಲಿಮಣೆಗಾಗಿ ಜಗಳವಾಡಿದ ಕಥೆ ಹೇಳಿದ. ಜಗಳವಾಡಿದ ಇನ್ನೊಬ್ಬರು ಯಾರೆಂದು ಹೇಳಲಿಲ್ಲ. ಆಮೇಲೆ ಧ್ವನಿ ತಗ್ಗಿಸಿದ. ‘ನನ್ನ ತಾಯಿ,’ ಎಂದ. ಕಂಬಳಿ ಬಂತು, ಕಿಟಕಿ ಬಂತು. ಪಕ್ಕದ ಸೀಟಿನ ಹೆಂಗಸು ಕರ್ಚೀಫು ತೆಗೆದಳು. ಅಂಚನ್ನು ಹಾಸಿಗೆಯ ಕೆಳಗೆ ಸಿಕ್ಕಿಸಿದ್ದನ್ನು ಅವನು ಹೇಳಲಿಲ್ಲ. ಅದನ್ನು ಅವಳು ಅವನಿಗೂ ಹೇಳಿರಲಿಲ್ಲ. ಅದೊಂದಾದರೂ ತನ್ನ ಹತ್ತಿರ ಉಳಿದಿದೆ ಎಂದು ಅವಳಿಗೆ ಒಂಥರಾ ದುಷ್ಟ ಸಮಾಧಾನವಾಯಿತು. ಕೊನೆಗೆ ಅವನು ಯಂತ್ರದ ಮುಂದೆ ಕೂತ. ಹಿಂದಿನ ಪರದೆಯ ಮೇಲೆ ಒಂದೊಂದೇ ಅಕ್ಷರ ದೊಡ್ಡದಾಗಿ ಮೂಡಿತು. ಎರಡು ಅಡ್ಡಗೆರೆ. ಅವಿ. ಅವನು ಕೈ ಮೇಲೆತ್ತಿದ.

ಯಾವ ಫೋನೂ ಸದ್ದು ಮಾಡಲಿಲ್ಲ. ಪರದೆಯ ಮೇಲೆ ವಾಕ್ಯ ಬಂತು. ಅವನ ಹುಬ್ಬು ಮೇಲೆ ಹೋಯಿತು. ನಗು ಬಾಯಲ್ಲೇ ನಿಂತಿತು. ತಿರುಗಿ ಪರದೆ ನೋಡಿದ, ಮುನ್ನೂರು ಜನ ಓದುತ್ತಿರುವುದನ್ನು ನೋಡಿದ, ಕಿವಿ ನಿಧಾನವಾಗಿ ಕೆಂಪೇರಿತು. ಎಲ್ಲವೂ ಬಸ್ಸಿನಲ್ಲಿ ಕಂಡ ಹಾಗೆಯೇ. ಅವನ ಕಣ್ಣು ಸಾಲುಗಳ ಮೇಲೆ ಓಡಿ ಅವಳನ್ನು ಹುಡುಕಿತು, ಸಿಕ್ಕಿತು, ನಿಂತಿತು. ಅವನಿಗೆ ಗೊತ್ತಾಯಿತು. ಇಪ್ಪತ್ತೆಂಟು ವರ್ಷದಲ್ಲಿ ಮೊದಲ ಸಲ ಅವನು ಅವಳನ್ನು ಹೆದರಿಕೊಂಡು ನೋಡಿದ. ಆಹಾ, ಸಾಕು, ಈಗ ಸತ್ತರೂ ಚಿಂತೆಯಿಲ್ಲ ಎನ್ನಿಸಿತು. ನಾಲ್ಕು ಸೆಕೆಂಡು ಇದ್ದಿರಬಹುದು.

ಆಮೇಲೆ ಅವನು ಮೈಕನ್ನು ಬಾಯಿಯ ಹತ್ತಿರ ತಂದು ಮೆಲ್ಲಗೆ, ಪ್ರತಿ ಪದವನ್ನೂ ಬಿಡಿಸಿ ಓದಿದ. “‘ಈ ಅರ್ಧ ಮಾತು... ನನ್ನಮ್ಮನದು.’” ನಿಲ್ಲಿಸಿದ. ಕಣ್ಣು ಒರೆಸಿಕೊಂಡ. “ಸ್ನೇಹಿತರೇ, ಕ್ಷಮಿಸಿ. ಇದನ್ನ ಇವತ್ತೇ ನಿಮಗೆ ತೋರಿಸ್ಬೇಕು ಅಂತ ಇತ್ತು. ಇನ್ಮೇಲೆ ಪಲಾಬ್ರಾದ ಒಳಗೆ ನನ್ನಮ್ಮ ಇರ್ತಾಳೆ. ಇನ್ನು ಎರಡನೇ ಮಾತು... ನಮ್ಮ ಬೆವರನ್ನ ಬಿಟ್ಟಿಯಾಗಿ ಎತ್ಕೊಂಡು ಹೋಗಿ, ಒಂದು ಹೆಸರೂ ಹೇಳದೆ ದೊಡ್ಡೋರಾದ್ರಲ್ಲ, ಆ ಕಂಪನಿಗಳಿಗೆ. ಅವರು ಪೂರ್ತಿ ಹೇಳ್ಲಿ!”

ಅಧಿಕಾರಿಣಿ ಎದ್ದು ನಿಂತಳು. ಇಡೀ ಸಭೆ ಎದ್ದು ನಿಂತಿತು. ಚಪ್ಪಾಳೆ ಚಾವಣಿ ಹಾರಿಹೋಗುವ ಹಾಗೆ. “ನನ್ನಮ್ಮ,” ಎಂದು ಸುಲ್ಮಾ ಗಟ್ಟಿಯಾಗಿಯೇ ಹೇಳಿದಳು, “ಅದು ನನ್ನಮ್ಮ,” ಯಾರಿಗೂ ಕೇಳಿಸಲಿಲ್ಲ. ಎಂಟು ದಿನ ಬಾಯಲ್ಲಿ ಹೊರಳಿಸಿದ ವಾಕ್ಯಕ್ಕೆ ಅವಳು ಹೆಸರು ಹಾಕಿರಲಿಲ್ಲ. ಹಾಕಬಾರದೆಂದಲ್ಲ. ಆ ಕಡತದಲ್ಲಿ ತನ್ನ ಹೆಸರು ಬರೆದು ಅವಳಿಗೆ ಅಭ್ಯಾಸವೇ ಇರಲಿಲ್ಲ, ಹೊಳೆದೇ ಇರಲಿಲ್ಲ. ಕಳ್ಳನ ಮನೆಗೆ ತಾನೇ ನಡೆದುಕೊಂಡು ಹೋಗಿ ಕೊಟ್ಟು ಬಂದ ಹಾಗಾಯಿತು. “ಏಳಿ, ಏಳಿ,” ಎಂದು ಪಕ್ಕದ ಹೆಂಗಸು ಒದ್ದೆ ಕಣ್ಣಲ್ಲಿ ಅವಳ ತೋಳು ಹಿಡಿದಳು. ಸುಲ್ಮಾ ಎದ್ದಳು. ಎದ್ದ ರಭಸಕ್ಕೆ ಚೀಲ ಬಿದ್ದು ಫೋನು ಹೊರಗೆ ಬಂತು. ಪರದೆಯ ಮೇಲೆ ನಿಬಿಯಾ ಎಂದಿತ್ತು. ಹನ್ನೊಂದು ಕರೆ. ಹನ್ನೆರಡನೆಯದು ಆಗಲೇ ಅಲುಗುತ್ತಿತ್ತು.

ಜನರ ಕಾಲುಗಳ ನಡುವೆ ದಾರಿ ಮಾಡಿಕೊಂಡು ಮೊಗಸಾಲೆಗೆ ಬಂದಳು. ಅಲ್ಲಿ ಮೇಜಿನ ಮೇಲೆ ಸೈಡರ್ ಬಾಟಲಿಗಳನ್ನೂ ಸ್ಯಾಂಡ್‌ವಿಚ್‌ಗಳನ್ನೂ ಜೋಡಿಸುತ್ತಿದ್ದರು.

“ದೋನ್ಯಾ ಸುಲ್ಮಾ!” ನಿಬಿಯಾಳ ಧ್ವನಿ ಏದುಸಿರಿನಲ್ಲಿತ್ತು. “ಕ್ಷಮ್ಸಿ, ತುಂಬ ಸಲ ಮಾಡ್ದೆ. ಸಂದೇಶ ಹೋಗ್ತಿಲ್ಲ. ಹನ್ನೆರಡು ಗಂಟೆಯಿಂದ ಒಂದೂ ಹೋಗಿಲ್ಲ. ನಾನು ದಂಡೆ ಹತ್ರ ಅಳತೆ ನೋಡೋಕೆ ಹೋಗಿದ್ದೆ, ಬಂದು ನೋಡಿದ್ರೆ ಎರಡು ಗಂಟೆ. ನೀರು ಮೊದಲನೇ ಬೀದಿಗೆ ಬಂದುಬಿಟ್ಟಿದೆ. ಸೈಕಲ್ ತಗೊಂಡು ಮನೆಮನೆ ಬಾಗ್ಲು ಬಡಿದೆ, ಅರ್ಧ ಜನ ಆಚೆ ಬಂದ್ರು. ಇನ್ನೂ ನಲವತ್ತು ಮನೆ ಇದೆ ಆ ಕಡೆ, ಈಗ ಸೈಕಲ್ ಹೋಗಲ್ಲ, ಸೊಂಟದವರೆಗೆ ಇದೆ ನೀರು. ಸಂದೇಶ ಬಂದಿಲ್ಲ ಅಂದ್ರೆ ಏನೂ ಇಲ್ಲ ಅಂತ ಸುಮ್ನೆ ಕೂತಿರ್ತಾರೆ, ಊಟ ಮಾಡಿ ಮಲಗಿರ್ತಾರೆ...”

“ಏನು ಬರ್ತಿದೆ ಪರದೆ ಮೇಲೆ?” ಎಂದು ಸುಲ್ಮಾ ಕೇಳಿದಳು. ಕೇಳುವ ಮೊದಲೇ ಗೊತ್ತಿತ್ತು.

“‘ಈ ಅರ್ಧ ಮಾತು ನನ್ನಮ್ಮನದು, ಕದ್ದವರು ಪೂರ್ತಿ ಹೇಳಬೇಕು’ ಅಂತಿದೆ. ನಾನು ಏನು ಕದ್ದೆ, ದೋನ್ಯಾ ಸುಲ್ಮಾ? ಆ ‘ಅವಿ’ ನಾನು ಕೈಪಿಡಿಯಿಂದ ಹಾಗೇ ಇಳಿಸ್ಕೊಂಡಿದ್ದು. ಅರ್ಧ ಬರೆದ್ರೆ ಸಾಕಾ ಅಂತ ನಿಮ್ಮನ್ನ ಕೇಳಿದ್ದೆ ಕೂಡ. ಸಾಕು ಮಗಳೇ ಅಂದಿದ್ರಿ.”

ಅಂದಿದ್ದಳು. ಕೈಪಿಡಿಯಲ್ಲಿ ಇರುವ ಒಂದೇ ಉದಾಹರಣೆ. ಸ್ವಂತ ಪದ ಹುಡುಕುವ ಯೋಗ್ಯತೆ ಇಲ್ಲದವನೂ ಅದನ್ನೇ ಇಳಿಸಿಕೊಳ್ಳುತ್ತಾನೆ, ಬರೆದವರನ್ನು ಪೂರ್ತಿ ನಂಬಿದವಳೂ ಅದನ್ನೇ ಇಳಿಸಿಕೊಳ್ಳುತ್ತಾಳೆ. ಇಂಥ ಕಡತ ಬರೆಯುವವರು ಮೊದಲ ದಿನವೇ ಕಲಿಯುವ ವಿಷಯ ಇದು. ಅದನ್ನು ಬಿಟ್ಟು ಬೇರೆಲ್ಲ ಯೋಚಿಸಿದ್ದಳು.

“ನಿಬಿಯಾ, ಯಂತ್ರದ ಮುಂದೆ ಇದೀಯಾ? ಆ ‘ಅವಿ’ ಅಳಿಸು. ಪೂರ್ತಿ ಬರಿ. ಅವಿಸಾರ್. ಎಲ್ಲಾ ಅಕ್ಷರಾನೂ ಹಾಕು.”

ಕೀಲಿಗಳ ಸದ್ದು. ಹಿಂದೆ ಮಳೆಯೋ ನೀರೋ ಏನೋ ಒಂದು ಮೊರೆತ. ಸಭಾಂಗಣದೊಳಗೆ ಚಪ್ಪಾಳೆ ಇನ್ನೂ ನಿಂತಿರಲಿಲ್ಲ, ಅಲೆಅಲೆಯಾಗಿ ಏಳುತ್ತಿತ್ತು.

“ಹೋಯ್ತು!” ಎಂದಳು ನಿಬಿಯಾ. “ಹೋಯ್ತು, ಎಲ್ಲಾ ಫೋನಿಗೂ ಹೋಯ್ತು. ಎರಡನೇ ಬೀದಿಯಿಂದ ಯಾರೋ ಉತ್ತರಾನೂ ಕೊಟ್ರು. ಮೂರನೇದ್ರಿಂದ ಇನ್ನೂ ಬಂದಿಲ್ಲ.” ಅತ್ತಳೋ ಮೂಗೊರೆಸಿಕೊಂಡಳೋ. “ಅಲ್ಲಿ ಒಬ್ರು ಅಜ್ಜಿ ಇದಾರೆ, ನಡೆಯೋಕಾಗಲ್ಲ. ದೋಣಿ ಬಂದ ಕೂಡ್ಲೆ ಅಲ್ಲಿಗೇ ಕಳಿಸ್ತೀನಿ.” ಆಮೇಲೆ ಧ್ವನಿ ಬದಲಾಗಿ, “ದೋನ್ಯಾ ಸುಲ್ಮಾ, ಸಮಿತಿಯವರು ಬಂದ್ಮೇಲೆ ಸುಮ್ನೆ ಬಿಡಲ್ಲ. ನಾನು ವರದಿ ಬರೀಬೇಕು. ಈ ವಾಕ್ಯ ಹಾಕಿದ್ದು ಆ ಪೀರಿಸ್ ಅಲ್ವಾ? ಅವರ ಹೆಸರೇ ಇರೋದು ಎಲ್ಲಾ ಕಡೆ. ಎಂಥಾ ಮನುಷ್ಯ! ಇಂಥಾ ದಿನ ತಮಾಷೆ ಮಾಡ್ತಾರಾ? ಸಮಿತಿಯವರು ಪೇಪರಿಗೆ ಕೊಡ್ತಾರೆ, ಕೋರ್ಟಿಗೂ ಹೋಗ್ತಾರೆ, ನೋಡ್ತಿರಿ. ಅವರೇ ಅಂತ ಬರೆದುಬಿಡ್ಲಾ?”

ಬಾಗಿಲು ಅರ್ಧ ತೆರೆದಿತ್ತು. ಒಳಗೆ ಡಾರ್ವಿನ್ ವೇದಿಕೆಯ ಅಂಚಿನಲ್ಲಿ ಬಗ್ಗಿ ಬಗ್ಗಿ ಜನರ ಕೈ ಕುಲುಕುತ್ತಿದ್ದ, ಅಧಿಕಾರಿಣಿ ಅವನ ಕೊರಳಿಗೆ ಏನೋ ಪದಕ ಹಾಕುತ್ತಿದ್ದಳು. ‘ಹ್ಞೂಂ’ ಎಂದು ಒಂದು ಸದ್ದು ಮಾಡಿದರೆ ಸಾಕಾಗಿತ್ತು. ಅರ್ಧ ಮಾತೂ ಬೇಡ. ನಾಳೆಯ ಪತ್ರಿಕೆಯಲ್ಲಿ ಆ ಪದಕದ ಫೋಟೊ ಪಕ್ಕದಲ್ಲೇ ಸಾಲ್ತೊದ ನೀರಿನ ಫೋಟೊ ಬರುತ್ತದೆ, ಎಲ್ಲ ಕಡೆ ಅವನದೇ ಹೆಸರಿದೆ, ಅವನು ಯಾವ ಬಾಯಲ್ಲಿ ಅಲ್ಲ ಎಂದಾನು? ಇಷ್ಟು ಅಚ್ಚುಕಟ್ಟಾದ ಸೇಡು ಅವಳು ಕನಸಿನಲ್ಲೂ ಹೆಣೆಯಲಾರಳು. ನಾಲಿಗೆಯ ತುದಿಗೆ ಬಂದಿತ್ತು. ಅವನದೇ ಎಂದು ಹೇಳಬೇಕು, ಅಷ್ಟೇ. ಪಲಾಬ್ರಾ ಅವನದು, ವಾಕ್ಯ ಅವನದು, ಅಮ್ಮನೂ ಅವನ ಅಮ್ಮ ಎಂದು ತನ್ನ ಬಾಯಲ್ಲೇ ಹೇಳಬೇಕು. ಆ ಮೂರನೆಯ ಬೀದಿಯ ಅಜ್ಜಿಯನ್ನೂ ಅವನ ಖಾತೆಗೇ ಬಿಡಬೇಕು. ಇಲ್ಲ. ಅವನಿಗೆ ಇನ್ನು ಒಂದು ಚೂರೂ ಕೊಡಲಾರಳು. ಪಾಪವನ್ನಂತೂ ಕೊಡಲಾರಳು.

“ಅವನಲ್ಲ,” ಎಂದಳು.

“ಏನಂದ್ರಿ?”

“ಅವನಿಗೆ ಅದೆಲ್ಲ ಬರಲ್ಲ ಮಗಳೇ. ಆ ಕಡತ ನಂದು. ಮೊದಲನೇ ಸಾಲಿಂದ ಕೊನೇ ಸಾಲಿನವರೆಗೂ ನಂದೇ. ಆ ವಾಕ್ಯಾನೂ ನಂದೇ. ಇವತ್ತು ಬೆಳಗ್ಗೆ ಹತ್ತೂಕಾಲಿಗೆ ನಿನ್ನ ಪತ್ರ ಓದಿ ಮುಗಿಸಿ ಹಾಕಿದ್ದು.”

ಕರೆ ಕಡಿದುಹೋಯಿತೇನೋ ಎಂದು ಸುಲ್ಮಾ ಫೋನನ್ನು ಕಿವಿಯಿಂದ ತೆಗೆದು ನೋಡಿದಳು, ಕಡಿದಿರಲಿಲ್ಲ.

“ನನ್ನ ಪತ್ರ ಓದಿದ್ರಾ?” ಎಂದಳು ನಿಬಿಯಾ.

“ಓದಿದೆ.”

ಕಾಗದ ಸರಿಸಿದ ಸದ್ದಾಯಿತು. ಮತ್ತೆ ಮಾತಾಡಿದಾಗ ಹುಡುಗಿಯ ಧ್ವನಿಯಲ್ಲಿ ದೋನ್ಯಾ ಇರಲಿಲ್ಲ, ಏದುಸಿರೂ ಇರಲಿಲ್ಲ. ಕೌಂಟರಿನ ಹಿಂದೆ ಕೂತ ಗುಮಾಸ್ತೆಯೊಬ್ಬಳು ಮಾತಾಡಿದ ಹಾಗಿತ್ತು.

“ಹೆಸರು ಪೂರ್ತಿ ಹೇಳಿ.”

“ಸುಲ್ಮಾ ಎಚೆವೆರ್ರಿ.”

“ಎಚೆವೆರ್ರಿಗೆ ರ ಒಂದಾ, ಎರಡಾ?”

“ಎರಡು,” ಎಂದಳು ಸುಲ್ಮಾ.